ಸತೀಶ್ ಶಾ ಅವರಿಗೆ ಒಂದು ಬಾಹುಕ ಸಿಗಲಿಲ್ಲವೇ?

ಡೊಂಬಿವಲಿಯ ಓದುಗ:
ಹಿಂದಿ ಸಿನಿಮಾ, ಟಿವಿಯ ಹಾಸ್ಯನಟ ಸತೀಶ್ ಶಾ ತೀರಿಕೊಂಡದ್ದು 2025ರ ಅಕ್ಟೋಬರ್ 25ರಂದು, 74ನೆಯ ವಯಸ್ಸಿನಲ್ಲಿ. ನಮ್ಮ ಸಂಘದಲ್ಲಿ ಅವರ ನೆನಪಿಗೆ ಒಂದು ಸಂಜೆ ಇಟ್ಟುಕೊಳ್ಳೋಣ ಎಂದೆ. ‘ಟಿವಿಯಲ್ಲಿ ನಗಿಸಿದವರಿಗೆಲ್ಲ ಸಂಜೆ ಏಕೆ?’ ಎಂದರು ಒಬ್ಬರು. ಆ ಮಾತು ಎರಡು ದಿನದಿಂದ ಚುಚ್ಚುತ್ತಿದೆ.

1984ರಲ್ಲಿ ‘ಯೇ ಜೋ ಹೈ ಜಿಂದಗಿ’ ಎಂಬ ಹಾಸ್ಯ ಧಾರಾವಾಹಿ ದೂರದರ್ಶನದಲ್ಲಿ ಬರುತ್ತಿದ್ದಾಗ ನಾನು ಮುಂಬಯಿಯ ಫೋರ್ಟಿನ ಒಂದು ಹೋಟೆಲಿನಲ್ಲಿ ಮಾಣಿ. ವಾರದ ಉಳಿದ ರಾತ್ರಿ ಕನ್ನಡ ರಾತ್ರಿಶಾಲೆ, ಶುಕ್ರವಾರ ಮಾತ್ರ ಗಲ್ಲಾದ ಪಕ್ಕದ ಕಪ್ಪು ಬಿಳುಪು ಟಿವಿ. ಹಿಂದಿ ಅರೆಬರೆ ಬರುತ್ತಿತ್ತು. ಶಫಿ ಇನಾಮದಾರ್, ಸ್ವರೂಪ್ ಸಂಪತ್, ರಾಕೇಶ್ ಬೇಡಿ ಪ್ರತಿ ವಾರವೂ ಅದೇ ಗಂಡ, ಅದೇ ಹೆಂಡತಿ, ಅದೇ ಭಾವಮೈದುನ. ಸತೀಶ್ ಶಾ ಮಾತ್ರ ವಾರಕ್ಕೊಬ್ಬ ಹೊಸ ಮನುಷ್ಯ. ಬಾಗಿಲು ತೆರೆದು ಒಬ್ಬ ಒಳಗೆ ಬಂದರೆ ‘ಇವನು ಅವನೇ’ ಎಂದು ಅಡುಗೆ ಭಟ್ಟರೂ ನಾವೂ ಪಂದ್ಯ ಕಟ್ಟುತ್ತಿದ್ದೆವು. ಒಂದು ಸಲ ಕೈಯಲ್ಲಿ ಸಾಂಬಾರಿನ ಬಟ್ಟಲು ಹಿಡಿದು ನಿಂತವನು ಹಾಗೆಯೇ ನಿಂತುಬಿಟ್ಟೆ. ಗಿರಾಕಿ ಎದ್ದು ಬಂದು ತಾವೇ ಬಟ್ಟಲು ತೆಗೆದುಕೊಂಡರು, ಬೈಯಲಿಲ್ಲ. ಅವರೂ ಟಿವಿ ನೋಡುತ್ತಿದ್ದರು.

ಮುಲುಂಡಿನ ಯಕ್ಷಗಾನ ಪ್ರೇಮಿ:
ಅಣ್ಣಾ, ಸಂಜೆ ಖಂಡಿತ ಬೇಕು. ಆದರೆ ನನ್ನ ಸಂಕಟ ಬೇರೆ. ನಮ್ಮ ಮೇಳಗಳಲ್ಲಿ ಹಾಸ್ಯಗಾರ ಒಂದೇ ರಾತ್ರಿಯಲ್ಲಿ ದೂತ, ಬ್ರಾಹ್ಮಣ, ಮುದುಕಿ ಎಲ್ಲವೂ ಆಗುತ್ತಾನೆ. ಪ್ರತಿ ಸಲ ಚೌಕಿಗೆ ಓಡಿ ವೇಷ ಬದಲಿಸುತ್ತಾನೆ. ಸತೀಶ್ ಶಾ ಮಾಡಿದ್ದು ಅದೇ ಕೆಲಸ. ಆದರೆ ನಮ್ಮ ಹಾಸ್ಯಗಾರನಿಗೆ ‘ನಳ ದಮಯಂತಿ’ಯಲ್ಲಿ ಬಾಹುಕ ಸಿಗುತ್ತದೆ. ಕಾರ್ಕೋಟಕ ಸರ್ಪ ಕಚ್ಚಿ ವಿಕಾರನಾದ ನಳ. ಮಧ್ಯರಾತ್ರಿಯವರೆಗೆ ನಗಿಸಿದವನೇ ಬೆಳಗಿನ ಜಾವಕ್ಕೆ ನಮ್ಮ ಕಣ್ಣಲ್ಲಿ ನೀರು ತರಿಸುತ್ತಾನೆ. ಹಿಂದಿ ಪರದೆ ಸತೀಶ್ ಶಾ ಅವರಿಗೆ ಆ ಬಾಹುಕನನ್ನು ಕೊಡಲಿಲ್ಲ. ಕೊಟ್ಟದ್ದು ‘ಮೈ ಹೂಂ ನಾ’ ಚಿತ್ರದ ಉಗುಳುವ ಪ್ರೊಫೆಸರು. ಆ ದೇಹ, ಆ ದನಿ, ಆ ತರಬೇತಿ ಪೋಲಾಯಿತು ಎಂದೇ ನನಗೆ ಅನ್ನಿಸುತ್ತದೆ.

ಪುಣೆಯ ಲಾ ಕಾಲೇಜ್ ರಸ್ತೆಯಿಂದ:
ತರಬೇತಿಯ ಮಾತು ಬಂದದ್ದರಿಂದ ಹೇಳುತ್ತೇನೆ. ಅವರು ನಮ್ಮ ಮನೆಯ ಎದುರಿನ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿತವರು. ಹಿಂದೆ ಪ್ರಭಾತ್ ಸ್ಟುಡಿಯೋ ಇದ್ದ ಜಾಗ ಅದು. ಎಪ್ಪತ್ತರ ದಶಕದಲ್ಲಿ ನಮ್ಮ ಗಿರೀಶ ಕಾರ್ನಾಡರು ಅಲ್ಲಿ ನಿರ್ದೇಶಕರಾಗಿದ್ದರು. ಅಲ್ಲಿಯೇ ಕಲಿತ ಕುಂದನ್ ಶಾ 1983ರಲ್ಲಿ ‘ಜಾನೇ ಭೀ ದೋ ಯಾರೋ’ ಚಿತ್ರ ಮಾಡಿದರು, ಮರುವರ್ಷ ‘ಯೇ ಜೋ ಹೈ ಜಿಂದಗಿ’ಯ ನಿರ್ದೇಶಕರಲ್ಲಿ ಒಬ್ಬರಾದರು. ಸತೀಶ್ ಶಾ ಏನು ಮಾಡಬಲ್ಲರು ಎಂದು ಚೆನ್ನಾಗಿ ತಿಳಿದಿದ್ದವರ ಕೈಗೇ ಅವರು ಸಿಕ್ಕಿದ್ದರು. ಪೋಲಾಯಿತು ಎನ್ನುವುದು ನನಗೆ ಒಪ್ಪಿಗೆಯಿಲ್ಲ.

ಮಾಟುಂಗದ ಗೃಹಿಣಿ:
ಮುಲುಂಡಿನ ಅಣ್ಣನವರೇ, ನಿಮ್ಮ ಬಾಹುಕನ ಮಾತು ಚೆಂದವಿದೆ, ನನಗೂ ಇಷ್ಟವಾಯಿತು. ಆದರೆ ನಗಿಸಿದವನು ದೊಡ್ಡ ನಟನೆಂದು ಒಪ್ಪಲು ಅವನು ಒಮ್ಮೆ ಅಳಿಸಿಯೂ ತೋರಿಸಬೇಕೇ? ಈ ಲೆಕ್ಕವೇ ನನಗೆ ಒಗ್ಗುವುದಿಲ್ಲ.

‘ಜಾನೇ ಭೀ ದೋ ಯಾರೋ’ದಲ್ಲಿ ಸತೀಶ್ ಶಾ ಮಾಡಿದ ಮುನಿಸಿಪಲ್ ಕಮಿಷನರ್ ಡಿ’ಮೆಲ್ಲೋ ಅರ್ಧ ಚಿತ್ರದ ತುಂಬ ಹೆಣ. ನಟನಿಗೆ ಮಾತಿಲ್ಲ, ಕಣ್ಣಿಲ್ಲ, ಉಸಿರೂ ಕಾಣಬಾರದು. ಕೊನೆಗೆ ನಾಟಕದ ರಂಗದ ಮೇಲೆ ಸೀರೆ ಉಡಿಸಿ ದ್ರೌಪದಿಯನ್ನಾಗಿ ನಿಲ್ಲಿಸುತ್ತಾರೆ. ಸುತ್ತಲಿನವರು ಒಬ್ಬರ ಮೇಲೊಬ್ಬರು ಬಿದ್ದು ಎಳೆದಾಡುತ್ತಿರುತ್ತಾರೆ. ಆಗ ಆ ತಲೆಯನ್ನು ಮಾತ್ರ ನೋಡಿ. ಯಾರು ಎಳೆದರೋ ಆ ಕಡೆ ವಾಲುತ್ತದೆ, ಆದರೆ ಒಂದು ಕ್ಷಣ ತಡವಾಗಿ. ಜೀವ ಇರುವವನ ತಲೆ ಹಾಗೆ ವಾಲುವುದಿಲ್ಲ. ನನ್ನ ಮಾವನವರು ತೀರಿಕೊಂಡಾಗ ಕೊನೆಯ ಸ್ನಾನಕ್ಕೆ ಎತ್ತಿ ಕೂರಿಸಿದ್ದನ್ನು ಕಂಡಿದ್ದೇನೆ, ಅದಕ್ಕೇ ಹೇಳುತ್ತಿದ್ದೇನೆ. ಚಿತ್ರ ತೆರೆಗೆ ಬಂದಾಗ ಆ ನಟನ ವಯಸ್ಸು 32. ನಗುತ್ತ ನಗುತ್ತ ಅದನ್ನು ನೋಡಿ ಮರೆತುಬಿಟ್ಟಿದ್ದೇವೆ.

ಠಾಣೆಯ ಯುವಕ:
ನನ್ನ ಪೀಳಿಗೆಗೆ ಅವರು ‘ಸಾರಾಭಾಯಿ ವರ್ಸಸ್ ಸಾರಾಭಾಯಿ’ಯ ಇಂದ್ರವದನ್. ಆ ಧಾರಾವಾಹಿಗೆ 2004ರಲ್ಲಿ ಮೊದಲು ಪ್ರಸಾರವಾದಾಗ ಹೆಚ್ಚು ನೋಡುಗರಿರಲಿಲ್ಲ. ಆಮೇಲೆ ಅಂತರ್ಜಾಲದಲ್ಲಿ ನೋಡಿದ ನಮ್ಮಂಥವರು ಅದನ್ನು ಹೊತ್ತುಕೊಂಡೆವು. ಆದರೆ ಎಲ್ಲ ಹೆಗ್ಗಳಿಕೆಯನ್ನೂ ಅವರ ತಲೆಗೇ ಕಟ್ಟಬಾರದು. ಬರೆದವರು ಆತಿಶ್ ಕಪಾಡಿಯಾ, ಹೆಂಡತಿಯಾಗಿ ಎದುರಿಗೆ ನಿಂತವರು ರತ್ನಾ ಪಾಠಕ್ ಶಾ. ಹಳೆಯ ‘ಯೇ ಜೋ ಹೈ ಜಿಂದಗಿ’ಗೂ ಬರಹ ಶರದ್ ಜೋಶಿಯವರದು. ಬರವಣಿಗೆ ಇಲ್ಲದ ಕಡೆ ಅದೇ ನಟನನ್ನು ನೋಡಿದರೆ ವ್ಯತ್ಯಾಸ ತಿಳಿಯುತ್ತದೆ.

ಮಾಟುಂಗದ ಗೃಹಿಣಿ:
ತಮ್ಮಾ, ಬರಹಗಾರರ ಋಣ ಒಪ್ಪಿದೆ. ಆದರೆ ಸಾರಾಭಾಯಿಯಲ್ಲಿ ಇಂದ್ರವದನನ ಮಗ ರೋಸೇಶ್ ಕವಿತೆ ಓದಲು ಕಾಗದ ಬಿಡಿಸುವಾಗ ಅಪ್ಪನ ಮುಖ ನೋಡು. ಇನ್ನೂ ಒಂದು ಸಾಲೂ ಬಂದಿಲ್ಲ, ಆಗಲೇ ಆ ಮುಖದಲ್ಲಿ ಹಬ್ಬ. ಅದನ್ನು ಯಾರೂ ಕಾಗದದ ಮೇಲೆ ಬರೆದುಕೊಡಲಾರರು.

ಮುಲುಂಡಿನ ಯಕ್ಷಗಾನ ಪ್ರೇಮಿ:
ಅಕ್ಕಾ, ಹೆಣದ ಮಾತಿಗೆ ನನ್ನಲ್ಲಿ ಉತ್ತರವಿಲ್ಲ. ಇನ್ನೊಂದು ವಿಷಯ ಕೇಳುತ್ತೇನೆ. ಅವರ ಅಂತ್ಯಸಂಸ್ಕಾರದಲ್ಲಿ ಸಾರಾಭಾಯಿ ತಂಡದವರು ಆ ಧಾರಾವಾಹಿಯ ಶೀರ್ಷಿಕೆಗೀತೆ ಹಾಡಿದರು. ವಿಡಿಯೋ ಎಲ್ಲರಿಗೂ ಬಂದಿದೆ. ಚಿತೆಯ ಮುಂದೆ ಹಾಡುವುದು ಸರಿಯೇ? ನನಗೆ ನೋಡಲಾಗಲಿಲ್ಲ.

ಡೊಂಬಿವಲಿಯ ಓದುಗ:
ನಾನು ಮೂರು ಸಲ ನೋಡಿದೆ. ಮೊದಲ ಸಲ ನನಗೂ ಕಸಿವಿಸಿಯಾಯಿತು. ಆ ಧಾರಾವಾಹಿಯ ಮನೆಯವರು ಸೇರಿದಾಗಲೆಲ್ಲ ಹಾಡುತ್ತಿದ್ದ ಹಾಡು ಅದು, ಆ ದಿನವೂ ಮನೆಯವರೇ ಸೇರಿದ್ದರು. ಅವರು ಅಳುತ್ತಲೇ ಹಾಡುತ್ತಿದ್ದಾರೆ. ಅಣ್ಣಾ, ನೀವು ಬೆಳಗಿನ ಜಾವದ ಬಾಹುಕ ಎಂದಿರಲ್ಲ, ನನಗೆ ಅಲ್ಲಿ ಆ ಜಾವ ಕಂಡಿತು.

ಠಾಣೆಯ ಯುವಕ:
ಸಂಜೆಯ ದಿನ ಗೊತ್ತುಮಾಡಿ. ಪ್ರೊಜೆಕ್ಟರ್ ನಾನು ತರುತ್ತೇನೆ. ಹಳೆಯ ಧಾರಾವಾಹಿಯ ಒಂದು ಕಂತು, ಸಾರಾಭಾಯಿಯ ಒಂದು ಕಂತು, ದ್ರೌಪದಿಯ ದೃಶ್ಯ.

ಮುಲುಂಡಿನ ಯಕ್ಷಗಾನ ಪ್ರೇಮಿ:
ಬರುತ್ತೇನೆ. ಪೋಲಾಯಿತು ಎಂಬ ಮಾತನ್ನು ಇನ್ನೂ ಹಿಂದಕ್ಕೆ ತೆಗೆದುಕೊಂಡಿಲ್ಲ. ಆದರೆ ದ್ರೌಪದಿಯ ದೃಶ್ಯವನ್ನು ಎರಡು ಸಲ ಹಾಕಿ. ಎರಡನೆಯ ಸಲ ನಾನು ಆ ತಲೆಯೊಂದನ್ನೇ ನೋಡುತ್ತೇನೆ.