‘ಆಯಾಮಾಂತರ ಇಂಜಿನ್’: ಈ ಪದ ಸರಿಯೇ?

ಮಾನ್ಯರೇ,

ಶಹಾಬಾದಿನ ಹಾಸುಗಲ್ಲಿನ ಹಳೆಯ ಗಣಿಯೊಂದರಲ್ಲಿ ನಡೆಯುವ ವೈಜ್ಞಾನಿಕ ಕಥೆಯೊಂದನ್ನು ಬರೆಯುತ್ತಿದ್ದೇನೆ. ಅದರಲ್ಲಿ ಬರುವ ಕಲ್ಪಿತ ಇಂಜಿನ್ ಮನುಷ್ಯರನ್ನು ಒಂದು ಡೈಮೆನ್ಶನ್‌ನಿಂದ ಇನ್ನೊಂದಕ್ಕೆ ಸಾಗಿಸುತ್ತದೆ. ಇದಕ್ಕೆ ಕನ್ನಡದಲ್ಲಿ ಏನೆಂದು ಹೆಸರಿಡಬೇಕು ಎಂಬುದು ನನ್ನ ಪ್ರಶ್ನೆ.

ಮೊದಲು ಹೊಳೆದದ್ದು ‘ಅಂತರಾಯಾಮ’. ‘ಅಂತರ್’ ಎಂಬುದಕ್ಕೆ ‘ಆಯಾಮ’ ಸೇರಿದರೆ ಸಂಧಿಯ ದೃಷ್ಟಿಯಿಂದ ದೋಷವಿಲ್ಲ. ಮುಂದಿರುವುದು ಸ್ವರವಾದ್ದರಿಂದ ‘ಅಂತರರಾಷ್ಟ್ರೀಯ’ವೋ ‘ಅಂತಾರಾಷ್ಟ್ರೀಯ’ವೋ ಎಂಬ ಹಳೆಯ ಜಗಳವೂ ಇಲ್ಲಿ ಹುಟ್ಟುವುದಿಲ್ಲ. ಆದರೆ ಆಯುರ್ವೇದದಲ್ಲಿ ಇದು ಆಗಲೇ ಒಂದು ರೋಗದ ಹೆಸರು. ಚರಕಸಂಹಿತೆಯ ವಾತವ್ಯಾಧಿ ಪ್ರಕರಣದಲ್ಲಿ ದೇಹವು ಮುಂದಕ್ಕೆ ಬಿಲ್ಲಿನಂತೆ ಬಾಗುವ ಸೆಳೆತಕ್ಕೆ ಅಂತರಾಯಾಮವೆಂದೂ ಹಿಂದಕ್ಕೆ ಬಾಗುವುದಕ್ಕೆ ಬಹಿರಾಯಾಮವೆಂದೂ ಕರೆದಿದ್ದಾರೆ. ಅದನ್ನು ಅರಿಯದವರ ಕಿವಿಗೂ ಮೊದಲು ಬೀಳುವುದು ‘ಅಂತರಾಯ’, ಎಂದರೆ ಅಡ್ಡಿ. ಪ್ರಯಾಣಕ್ಕೆ ಹೊರಟ ಇಂಜಿನ್ನಿಗೆ ಇದು ಒಳ್ಳೆಯ ಶಕುನವಲ್ಲ.

‘ಲೋಕಾಂತರ ಯಂತ್ರ’ ಎಂಬುದು ಓದಲು ಸೊಗಸಾಗಿದೆ, ಹದಿನಾಲ್ಕು ಲೋಕಗಳ ಹೆಸರು ಕೇಳಿ ಬೆಳೆದವರಿಗೆ ವಿವರಣೆಯೂ ಬೇಕಿಲ್ಲ. ತೊಡಕೆಂದರೆ, ಕಲಬುರಗಿಯ ಕಡೆ ಸಾವಿನ ಸುದ್ದಿಗೆ ‘ಲಿಂಗೈಕ್ಯ’ವೇ ಹೆಚ್ಚು ಬಳಕೆಯಲ್ಲಿದ್ದರೂ ‘ಲೋಕಾಂತರಗಮನ’ವೆಂದರೆ ತೀರಿಕೊಳ್ಳುವುದೆಂದು ಹಿರಿಯರೆಲ್ಲರಿಗೂ ಗೊತ್ತು. ಇನ್ನು ‘ಯಂತ್ರ’ವೆಂಬುದು, ತಗಡಿನ ಮೇಲೆ ಬೀಜಾಕ್ಷರ ಬರೆದು ತಾಯತದಲ್ಲಿ ಕಟ್ಟುವುದಕ್ಕೂ ಇರುವ ಹೆಸರು. ಇವೆರಡೂ ಒಟ್ಟಿಗೆ ಬಂದರೆ ನನ್ನ ಕಥೆಯನ್ನು ಮಾಟಮಂತ್ರದ ಕಥೆಯೆಂದೇ ಓದಿಯಾರು.

ಉಳಿದದ್ದು ‘ಆಯಾಮ’. ಹರವು, ಚಾಚು ಎಂಬ ಅರ್ಥದ ಈ ಪದ ಪ್ರಾಣಾಯಾಮದಲ್ಲಿಯೂ ಇದೆ. ಗಣಿತದಲ್ಲಿ ಇದು ಉದ್ದ, ಅಗಲ, ಎತ್ತರಗಳಿಗೆ ಸಲ್ಲುತ್ತದೆ. 1908ರಲ್ಲಿ ಗಣಿತಜ್ಞ ಮಿಂಕೋವ್‌ಸ್ಕಿ ಕಾಲವನ್ನು ಇವುಗಳೊಡನೆ ಸೇರಿಸಿ ನಾಲ್ಕು ಆಯಾಮಗಳ ದೇಶಕಾಲವನ್ನು ವಿವರಿಸಿದನು. 1921ರಲ್ಲಿ ಇನ್ನೊಬ್ಬ ಗಣಿತಜ್ಞ ಕಲುಜ ಗುರುತ್ವವನ್ನೂ ವಿದ್ಯುತ್ಕಾಂತತೆಯನ್ನೂ ಒಂದುಗೂಡಿಸಲು ಐದನೆಯದೊಂದನ್ನು ಕಲ್ಪಿಸಿದನು. ಅದು ನಮಗೆ ಏಕೆ ಕಾಣುವುದಿಲ್ಲವೆಂಬುದಕ್ಕೆ, ತೀರ ಸಣ್ಣ ಸುರುಳಿಯಾಗಿ ಮಡಚಿಕೊಂಡಿರಬಹುದೆಂದು 1926ರಲ್ಲಿ ಭೌತವಿಜ್ಞಾನಿ ಕ್ಲೈನ್ ಉತ್ತರ ಕೊಟ್ಟನು. ಇವೆಲ್ಲದರಲ್ಲಿಯೂ ಆಯಾಮವೆಂದರೆ ಅಳೆಯಬಹುದಾದ ಒಂದು ದಿಕ್ಕೇ ಹೊರತು ಹೋಗಿ ಇಳಿಯುವ ಸ್ಥಳವಲ್ಲ. ಪತ್ರಿಕೆಗಳ ‘ಪ್ರಕರಣಕ್ಕೆ ಹೊಸ ಆಯಾಮ’ ಎಂಬಲ್ಲಿ ಅದರ ಅರ್ಥ ಮಗ್ಗುಲು ಎಂದಷ್ಟೆ. ಹಾಗಾಗಿ ‘ಅವನು ಇನ್ನೊಂದು ಆಯಾಮಕ್ಕೆ ಹೋದನು’ ಎಂದು ಬರೆದಾಗಲೆಲ್ಲ ‘ಅವನು ಅಗಲಕ್ಕೆ ಹೋದನು’ ಎಂದಂತೆ ನನಗೆ ಕೇಳಿಸುತ್ತದೆ. ಕಥೆಯಲ್ಲಿ ಇಂಜಿನ್ ಚಾಲೂ ಆದಾಗ, ಬಾಗಿಲು ಹಾಕಿದ ಕೋಣೆಯಲ್ಲಿದ್ದ ಗಣಿ ಮೇಸ್ತ್ರಿ ಗೋಡೆ ಮುಟ್ಟದೆ, ಚಾವಣಿ ಒಡೆಯದೆ, ನಮ್ಮ ಉದ್ದ, ಅಗಲ, ಎತ್ತರಗಳಲ್ಲಿ ಯಾವುದೂ ಅಲ್ಲದ ದಿಕ್ಕಿನಲ್ಲಿ ಸರಿದುಹೋಗುತ್ತಾನೆ. ಆ ದಿಕ್ಕನ್ನು ಆಯಾಮವೆನ್ನಲು ಅಡ್ಡಿಯಿಲ್ಲ. ಅವನು ಹೋಗಿ ಸೇರುವುದನ್ನು ಮಾತ್ರ ‘ಜಗತ್ತು’ ಎಂದೇ ಬರೆಯಬೇಕೆಂದು ನನಗೆ ತೋರುತ್ತದೆ.

‘ಇಂಜಿನ್’ ಪದವನ್ನು ಹಾಗೆಯೇ ಉಳಿಸಿಕೊಳ್ಳುವ ಮನಸ್ಸಿದೆ. ವಾಡಿ ಜಂಕ್ಷನ್ನಿನಲ್ಲಿ ಇಂಜಿನ್ ಎಂದರೆ ಡಬ್ಬಿಗಳನ್ನು ಎಳೆದೊಯ್ಯುವುದು. ಹೊಲದಲ್ಲಾದರೆ ಬಾವಿಯ ದಂಡೆಯ ಮೇಲೆ ಕುಳಿತು ಡೀಸೆಲ್ ಕುಡಿದು, ತಾನು ಕದಲದೆ ನೀರನ್ನು ಮೇಲೆತ್ತುವುದೂ ಇಂಜಿನ್ನೇ. ನನ್ನ ಕಥೆಯದು ಈ ಎರಡನೆಯ ಜಾತಿಯದು: ತಾನು ಗಣಿಯಲ್ಲಿಯೇ ಇದ್ದು ಮನುಷ್ಯರನ್ನು ಸಾಗಿಸುತ್ತದೆ. ‘ವಾಹನ’ ಎಂಬ ಸಲಹೆಯನ್ನು ಒಪ್ಪದಿರುವುದು ಇದಕ್ಕಾಗಿಯೇ.

ಸಂಸ್ಕೃತಕ್ಕೆ ಇಂಗ್ಲಿಷನ್ನು ಜೋಡಿಸಿದರೆ ಅರಿಸಮಾಸವಾಗುತ್ತದೆಂದು ಮಿತ್ರರೊಬ್ಬರು ಆಕ್ಷೇಪಿಸಿದ್ದಾರೆ. ನಮ್ಮ ಮಳಖೇಡದ ಆಸ್ಥಾನದಲ್ಲಿ ಒಂಬತ್ತನೆಯ ಶತಮಾನದಲ್ಲಿ ಹುಟ್ಟಿದ ಕವಿರಾಜಮಾರ್ಗವು ಇಂಥ ಬೆರಕೆಯನ್ನು ಹಳಿದಿರುವುದು ನಿಜ; ಆದರೆ ಅದು ಸಂಸ್ಕೃತ ಮತ್ತು ಕನ್ನಡಗಳ ಬೆರಕೆಯನ್ನು ಕುರಿತ ಮಾತು. ಅರಬ್ಬಿ ಮೂಲದ ‘ಜಿಲ್ಲಾ’ಕ್ಕೆ ಸಂಸ್ಕೃತದ ‘ಅಧಿಕಾರಿ’ ಸೇರಿದ ‘ಜಿಲ್ಲಾಧಿಕಾರಿ’ಯನ್ನು ಒಪ್ಪಿಕೊಂಡವರು ‘ಆಯಾಮಾಂತರ ಇಂಜಿನ್ನಿಗೆ’ ತಕರಾರು ತೆಗೆಯುವುದು ನ್ಯಾಯವೆನಿಸದು.

ಬಲ್ಲವರಲ್ಲಿ ಕೇಳುವುದು ಇಷ್ಟು. ‘ಅಂತರ’ ಕೊನೆಯಲ್ಲಿ ಬಂದ ಪದಗಳೆಲ್ಲ ಒಂದೇ ದಾರಿ ಹಿಡಿದಿಲ್ಲ: ‘ಭಾಷಾಂತರ’ವು ಕ್ರಿಯೆಯ ಹೆಸರಾಗಿದೆ, ‘ಗ್ರಾಮಾಂತರ’ವು ಹಳ್ಳಿಗಾಡಿನ ಪ್ರದೇಶವಾಗಿದೆ. ‘ಆಯಾಮಾಂತರ’ವನ್ನು ಓದುಗರು ‘ಬೇರೊಂದು ಆಯಾಮ’ ಎಂದು ತಿಳಿಯುವರೋ, ‘ಆಯಾಮ ಬದಲಿಸುವ ಕ್ರಿಯೆ’ ಎಂದೋ? ಎರಡನೆಯದಾದರೆ ‘ಸ್ಥಳಾಂತರಿಸು’ ಎಂಬುದರ ಮಾದರಿಯಲ್ಲಿ ‘ಆಯಾಮಾಂತರಿಸು’ ಎಂಬ ಕ್ರಿಯಾಪದ ಸಾಧುವೇ? ಇಂಜಿನ್ ಮೇಸ್ತ್ರಿಯನ್ನು ‘ಆಯಾಮಾಂತರಿಸಿತು’ ಎನ್ನಬಹುದಾದರೂ, ತಾನಾಗಿ ಹೊರಟವನ ವಿಷಯದಲ್ಲಿ ‘ಆಯಾಮಾಂತರಗೊಂಡನು’ ಎಂದು ಬರೆಯಬೇಕೋ, ‘ಆಯಾಮ ದಾಟಿದನು’ ಎಂಬ ಸರಳ ಮಾತೇ ಸಾಕೋ, ದಯವಿಟ್ಟು ತಿಳಿಸಬೇಕಾಗಿ ವಿನಂತಿ.