30 ಲಕ್ಷದ ಮನೆ ಸಾಲ ಕೊನೆಗೆ ಎಷ್ಟಕ್ಕೆ ಬೀಳುತ್ತದೆ? ಗೊತ್ತಿದ್ದವರು ಹೇಳಿ

ಕೇಳಿದವರು, ಗಂಗಾವತಿ:
ಊರಲ್ಲೇ 40 ಲಕ್ಷದ ಮನೆ ನೋಡಿದ್ದೇವೆ. ಕೈಯಲ್ಲಿ 10 ಲಕ್ಷ ಇದೆ, ಉಳಿದ 30 ಲಕ್ಷಕ್ಕೆ ಸಾಲ. ಬ್ಯಾಂಕಿನವರು ಶೇ. 8.5, ಬದಲಾಗುವ ಬಡ್ಡಿ ಎಂದಿದ್ದಾರೆ. 20 ವರ್ಷಕ್ಕಾದರೆ ತಿಂಗಳ ಕಂತು 26,035 ರೂಪಾಯಿ, 30 ವರ್ಷಕ್ಕಾದರೆ 23,067. ಕಂತು ಕಡಿಮೆ ಇರುವುದನ್ನೇ ತಗೋ ಅಂತ ಮನೆಯಲ್ಲಿ ಎಲ್ಲರೂ ಹೇಳುತ್ತಿದ್ದಾರೆ. ನನ್ನದು ಸಂಬಳದ ಕೆಲಸ. ಜೊತೆಗೆ ಭತ್ತದ ದುಡ್ಡು ಸುಗ್ಗಿಯಲ್ಲಿ ಬರುತ್ತದೆ. ಯಾವುದು ಸರಿ? ಒಟ್ಟು ಎಷ್ಟು ಕೊಟ್ಟಂತಾಗುತ್ತದೆ? ಅನುಭವ ಇರುವವರು ದಯವಿಟ್ಟು ಬಿಡಿಸಿ ಹೇಳಿ.

ರಾಯಚೂರಿನಿಂದ:
ಮೊದಲು ಒಂದು ತಿಂಗಳ ಲೆಕ್ಕವನ್ನು ನೀವೇ ಕಾಗದದ ಮೇಲೆ ಮಾಡಿ. ಬಾಕಿ ಅಸಲನ್ನು ಬಡ್ಡಿ ದರದಿಂದ ಗುಣಿಸಿ 1200ರಿಂದ ಭಾಗಿಸಬೇಕು, ಅಷ್ಟೇ. 30,00,000 × 8.5 ÷ 1200 = 21,250. ಇದು ಮೊದಲ ತಿಂಗಳ ಬಡ್ಡಿ. ಕಟ್ಟುವುದು 26,035, ಹಾಗಾಗಿ ಅಸಲಿಗೆ ಹೋಗುವುದು 4,785. ಮುಂದಿನ ತಿಂಗಳು ಬಾಕಿ 29,95,215. ಅದರ ಬಡ್ಡಿ 21,216, ಅಸಲಿಗೆ 4,819. ಹೀಗೆ ಮೊದಮೊದಲು ತಿಂಗಳಿಗೆ ಮೂವತ್ತು ನಲವತ್ತು ರೂಪಾಯಿಯಂತೆ, ಆಮೇಲೆ ಇನ್ನೂ ವೇಗವಾಗಿ, ಅಸಲಿನ ಪಾಲು ಬೆಳೆಯುತ್ತಾ ಹೋಗುತ್ತದೆ. ಕಂತಿನಲ್ಲಿ ಅರ್ಧಕ್ಕಿಂತ ಹೆಚ್ಚು ಅಸಲಿಗೆ ಹೋಗಲು ಹತ್ತಿರ ಹತ್ತಿರ 12 ವರ್ಷ ಬೇಕು. ಸಾಲ 15 ಲಕ್ಷಕ್ಕೆ ಇಳಿಯುವುದು ಹದಿನಾಲ್ಕನೇ ವರ್ಷದ ಕೊನೆಗೆ.

ಐದು ವರ್ಷ ತಪ್ಪದೆ ಕಟ್ಟಿದಿರಿ ಅನ್ನಿ. ಕಟ್ಟಿದ ಹಣ 15.62 ಲಕ್ಷ, ಬಾಕಿ ಇನ್ನೂ 26.44 ಲಕ್ಷ. ಜನ ಗಾಬರಿಯಾಗುವುದು ಇಲ್ಲೇ. ಬ್ಯಾಂಕಿನವರು ಏನೋ ಮೋಸ ಮಾಡಿದ್ದಾರೆ ಅಂದುಕೊಳ್ಳುತ್ತಾರೆ. ಮೋಸ ಇಲ್ಲ, ಮೇಲಿನ ಗುಣಾಕಾರವೇ 60 ಸಲ ನಡೆದಿದೆ.

ಈಗ ನಿಮ್ಮ ಪ್ರಶ್ನೆ. 20 ವರ್ಷಕ್ಕೆ ಒಟ್ಟು ಕಟ್ಟುವುದು 62.48 ಲಕ್ಷ, ಅದರಲ್ಲಿ ಬಡ್ಡಿ 32.48 ಲಕ್ಷ. 30 ವರ್ಷಕ್ಕೆ ಒಟ್ಟು 83.04 ಲಕ್ಷ, ಬಡ್ಡಿ 53.04 ಲಕ್ಷ. ತಿಂಗಳಿಗೆ 2,968 ರೂಪಾಯಿ ಉಳಿಸಲು ಹೋಗಿ 20 ಲಕ್ಷಕ್ಕೂ ಹೆಚ್ಚು ಬಡ್ಡಿ. ಕಾರಣ ಸರಳ. ಅವಧಿ ಎಷ್ಟೇ ಇರಲಿ, ಮೊದಲ ತಿಂಗಳ ಬಡ್ಡಿ ಆ 21,250ರಲ್ಲಿ ಒಂದು ಪೈಸೆಯೂ ಇಳಿಯುವುದಿಲ್ಲ. ಕಂತಿನಲ್ಲಿ ಕಡಿಮೆಯಾದ 2,968 ಪೂರ್ತಿ ಅಸಲಿನ ಪಾಲಿನಿಂದ ಕಡಿದದ್ದು. 4,785 ಹೋಗಬೇಕಾದಲ್ಲಿ 1,817 ಹೋಗುತ್ತದೆ. ಮನೆಯವರ ಮುಂದೆ ಈ ಎರಡು ಅಂಕಿ ಬರೆದಿಡಿ.

ಸಾಧ್ಯವಾದರೆ 15 ವರ್ಷವನ್ನೂ ನೋಡಿ: ಕಂತು 29,542, ಬಡ್ಡಿ 23.18 ಲಕ್ಷ. ತಿಂಗಳಿಗೆ 3,507 ಹೆಚ್ಚು ಕೊಟ್ಟರೆ 9.3 ಲಕ್ಷ ಉಳಿಯುತ್ತದೆ.

ಸಿಂಧನೂರಿನಿಂದ:
ನಮ್ಮ ಕಡಿ ಬಡ್ಡಿ ಅಂದ್ರ ನೂರಕ್ಕ ತಿಂಗಳಿಗೆ ಎರಡು ರೂಪಾಯಿ, ಮೂರು ರೂಪಾಯಿ ಅಂತ ಮಾತಾಡೋದು. ಆ ಲೆಕ್ಕದಾಗ ಶೇ. 8.5 ಅಂದ್ರ ನೂರಕ್ಕ 71 ಪೈಸೆ. ಅಗ್ಗ ಅನ್ನಿಸ್ತದ, ಅಗ್ಗಾನೂ ಹೌದು. ಆದ್ರ ಕೈಗಡ ಸುಗ್ಗಿಗೆ ತೀರ್ತದ, ಇದು 240 ತಿಂಗಳು ಕೂಡ್ತದ. ರೇಟು ಸಣ್ಣದಿದ್ರೂ ಅವಧಿ ದೊಡ್ಡದು, ಅದಕ್ಕ ಬಡ್ಡಿ ಅಸಲನ್ನೇ ಮೀರ್ತದ.

ನಿಮಗ ಭತ್ತದ ದುಡ್ಡು ಬರ್ತದಲ್ರಿ, ಅದೇ ನಿಮ್ಮ ಕೈಯಾಗಿನ ಅಸ್ತ್ರ. ಒಂದು ವರ್ಷ ಮುಗಿದ ಮ್ಯಾಲ ಒಂದೇ ಸಲ 1 ಲಕ್ಷ ಅಸಲಿಗೆ ಕಟ್ರಿ, ಕಂತು ಹಂಗೇ ಇರ್ಲಿ. ಕೊನಿ 18 ಕಂತು ಹಾರಿ ಹೋಗ್ತಾವ, ಬಡ್ಡಿಯೊಳಗ 3.7 ಲಕ್ಷ ಉಳೀತದ. ಅದೇ 1 ಲಕ್ಷ 15 ವರ್ಷ ಆದಮ್ಯಾಲ ಕಟ್ಟಿದ್ರ ಉಳಿಯೋದು ಸುಮಾರು 50 ಸಾವಿರ ಅಷ್ಟೇ. ಅದಕ್ಕ ಕಟ್ಟೋದಿದ್ರ ಮೊದಲಿನ ವರ್ಷಗಳಾಗ ಕಟ್ರಿ.

ವರ್ಷಕ್ಕ ಒಂದು ಕಂತು ಹೆಚ್ಚಿಗಿ, ಅಂದ್ರ 12ರ ಬದಲಿ 13 ಕಟ್ಟಿದ್ರೂ 20 ವರ್ಷದ ಸಾಲ 16 ವರ್ಷ 8 ತಿಂಗಳಿಗೆ ತೀರ್ತದ. ಸಂಬಳ ಏರಿದಂಗ ಕಂತನ್ನೂ ವರ್ಷಾ ಶೇ. 5 ಏರಿಸಿದ್ರ 12 ವರ್ಷ ಚಿಲ್ಲರಿಗೆ ಮುಗೀತದ.

ತಪ್ಪಾಗೋದು ಎಲ್ಲಿ ಅಂದ್ರ, ಕೌಂಟರಿನಾಗ ದುಡ್ಡು ಕಟ್ಟಿ ಸುಮ್ಮನ ಬರ್ತಾರ. ಆ ದುಡ್ಡು ಮುಂಗಡ ಕಂತು ಅಂತ ಕುಂತುಬಿಡ್ತದ, ಅಸಲು ಇಳಿಯೋದಿಲ್ಲ. ಇಲ್ಲಾ ಅವಧಿ ಹಂಗೇ ಇಟ್ಟು ಕಂತು ಇಳಿಸಿಬಿಡ್ತಾರ. ಕಂತು ಇಳಿಸಿದ್ರ ಅದೇ 1 ಲಕ್ಷಕ್ಕ ಉಳಿಯೋದು 3.7 ಲಕ್ಷ ಅಲ್ಲ, 1 ಲಕ್ಷದ ಆಸುಪಾಸು. ಅದಕ್ಕ ಒಂದು ಹಾಳೀ ಮ್ಯಾಲ ಬರದು ಕೊಡ್ರಿ: "ಈ ಹಣವನ್ನು ಅಸಲಿಗೆ ಜಮಾ ಮಾಡಿ, ಕಂತು ಬದಲಿಸದೆ ಅವಧಿ ಕಡಿಮೆ ಮಾಡಿ." ಒಂದು ಪ್ರತಿಗೆ ಸೀಲು ಹಾಕಿಸ್ಕೊಂಡು ಬರ್ರಿ. ಮರುದಿನ ಸ್ಟೇಟ್‌ಮೆಂಟಿನಾಗ ಬಾಕಿ ಅಸಲು ಇಳಿದದ್ದು ಕಂಡ್ರ ಕೆಲಸ ಆದಂಗ. ವ್ಯಕ್ತಿಯ ಹೆಸರಿನಾಗ, ಬದಲಾಗುವ ಬಡ್ಡಿಗೆ ತಗೊಂಡ ಮನೆ ಸಾಲಕ್ಕ ಮುಂಚೆ ಕಟ್ಟಿದ್ರ ದಂಡ ಇಲ್ಲ. ದಂಡ ಕೇಳಿದ್ರ ಕೊಡಬ್ಯಾಡ್ರಿ.

ಬಳ್ಳಾರಿಯಿಂದ:
ಮೇಲಿನವರ ಲೆಕ್ಕ ಸರಿ. ಆದರೆ ಅದು ಶೇ. 8.5 ಇಪ್ಪತ್ತು ವರ್ಷ ಅಲುಗದೆ ನಿಂತರೆ ಮಾತ್ರ. ನಿಲ್ಲುವುದಿಲ್ಲ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಬದಲಾಗುವ ಬಡ್ಡಿಯ ಮನೆ ಸಾಲ ಹೊರಗಿನ ದರವೊಂದಕ್ಕೆ, ಸಾಮಾನ್ಯವಾಗಿ ರಿಸರ್ವ್ ಬ್ಯಾಂಕಿನ ರೆಪೋ ದರಕ್ಕೆ (ಅದು ಬ್ಯಾಂಕುಗಳಿಗೆ ಸಾಲ ಕೊಡುವ ದರ), ಕಟ್ಟಿಕೊಂಡಿರುತ್ತದೆ. ಮೂರು ತಿಂಗಳಿಗೊಮ್ಮೆಯಾದರೂ ಹೊಸ ದರ ಹಾಕಬೇಕು. ರೆಪೋ 2022ರ ಮೇ ತಿಂಗಳಲ್ಲಿ ಶೇ. 4ರಿಂದ ಏರಲು ಶುರುವಾಗಿ 2023ರ ಫೆಬ್ರವರಿಗೆ 6.5 ಮುಟ್ಟಿತು. ಒಂಬತ್ತು ತಿಂಗಳಲ್ಲಿ ಎರಡೂವರೆ.

ಆ ಏರಿಕೆ ಒಂದು ಸಾಲಕ್ಕೆ ಏನು ಮಾಡುತ್ತದೆ ನೋಡಿ. ಶೇ. 6.75ಕ್ಕೆ 30 ಲಕ್ಷ, 20 ವರ್ಷ, ಕಂತು 22,811. ಒಂದು ವರ್ಷದ ನಂತರ ಬಾಕಿ 29,26,535. ದರ 9.25 ಆಯಿತು ಅನ್ನಿ. ತಿಂಗಳ ಬಡ್ಡಿಯೇ 22,559. ಕಂತು ಅಷ್ಟೇ ಇದ್ದರೆ ಅಸಲಿಗೆ ಹೋಗುವುದು 252 ರೂಪಾಯಿ. ಇದೇ ರೀತಿ ಬಿಟ್ಟರೆ ಸಾಲ ತೀರಲು ಇನ್ನೂ 48 ವರ್ಷಕ್ಕೂ ಹೆಚ್ಚು ಬೇಕು. ಉಳಿದ 19 ವರ್ಷದಲ್ಲೇ ಮುಗಿಸಬೇಕಾದರೆ ಕಂತು 27,299 ಆಗಬೇಕು.

ದರ ಏರಿದಾಗ ಬಹಳ ಕಡೆ ಕಂತು ಮುಟ್ಟದೆ ಅವಧಿ ಹಿಗ್ಗಿಸುತ್ತಿದ್ದರು. ಖಾತೆಯಿಂದ ಹೋಗುವ ಹಣ ಅಷ್ಟೇ ಇರುವುದರಿಂದ ಸಾಲಗಾರರಿಗೆ ಗೊತ್ತೇ ಆಗುತ್ತಿರಲಿಲ್ಲ. 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆ ಬಂದ ಮೇಲೆ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಬೆರೆಸಬೇಕೋ ಎಂದು ಸಾಲಗಾರರನ್ನು ಕೇಳಬೇಕು. ಕಂತು ಬಡ್ಡಿಗೂ ಸಾಲದಂಥ ಸ್ಥಿತಿ ಬರಬಾರದು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು: ಈವರೆಗೆ ಅಸಲು ಎಷ್ಟು, ಬಡ್ಡಿ ಎಷ್ಟು, ಉಳಿದ ಕಂತು ಎಷ್ಟು, ದರ ಎಷ್ಟು. ಅದರಲ್ಲಿ "ಉಳಿದ ಕಂತುಗಳು" ಎನ್ನುವ ಸಾಲನ್ನು ನೋಡಿ. ಮೂರು ತಿಂಗಳ ಹಿಂದಿನದಕ್ಕಿಂತ ಮೂರು ಕಡಿಮೆ ಇರಬೇಕು. ಇಲ್ಲದಿದ್ದರೆ ಅವತ್ತೇ ಶಾಖೆಗೆ ಹೋಗಿ.

ಸಾಲ ಕೊಡುವುದು ಬ್ಯಾಂಕಲ್ಲದೆ ಹೌಸಿಂಗ್ ಫೈನಾನ್ಸ್ ಕಂಪನಿಯಾದರೆ ರೆಪೋಗೆ ಕಟ್ಟಿಕೊಳ್ಳುವ ನಿಯಮ ಅವರಿಗಿಲ್ಲ. ದರ ಏರುವಾಗ ಬೇಗ ಏರಿ, ಇಳಿಯುವಾಗ ನಿಧಾನ ಆಗಬಹುದು. 2025ರಲ್ಲಿ ರೆಪೋ ಇಳಿದಾಗ ತಮ್ಮ ದರ ಇಳಿದಿದೆಯೇ ಎಂದು ಹಳೆಯ ಸಾಲದವರು ಒಮ್ಮೆ ನೋಡಿಕೊಳ್ಳಿ. ಇಳಿದಿಲ್ಲವಾದರೆ ಅದೇ ಸಂಸ್ಥೆಯಲ್ಲಿ ದರ ಬದಲಾವಣೆಗೆ ಅರ್ಜಿ ಕೊಡಬಹುದು. ಸಾಮಾನ್ಯವಾಗಿ ಒಂದು ಸಣ್ಣ ಶುಲ್ಕದಲ್ಲಿ ಆಗುತ್ತದೆ.

ಕೊಪ್ಪಳದಿಂದ:
ಇನ್ನೊಂದು ಮಾತು ಯಾರೂ ಹೇಳಿಲ್ಲ. ನಿಮ್ಮ ಕೈಯಲ್ಲಿರುವ 10 ಲಕ್ಷ ಸಾಲುವುದಿಲ್ಲ. 2025ರ ಆಗಸ್ಟ್ 31ರಿಂದ ರಾಜ್ಯದಲ್ಲಿ ನೋಂದಣಿ ಶುಲ್ಕ ಶೇ. 1ರಿಂದ 2 ಆಗಿದೆ. ಮುದ್ರಾಂಕ ಶುಲ್ಕ 5, ಅದರ ಮೇಲೆ ಸೆಸ್, ಸರ್‌ಚಾರ್ಜ್ ಸೇರಿ ಪಟ್ಟಣದಲ್ಲಿ ಒಟ್ಟು ಶೇ. 7.6. 40 ಲಕ್ಷಕ್ಕೆ 3.04 ಲಕ್ಷ. ಮನೆಯ ಬೆಲೆಯಲ್ಲಿ ಬ್ಯಾಂಕು ಇದನ್ನು ಸೇರಿಸುವುದಿಲ್ಲ. ಇದರ ಮೇಲೆ ಪ್ರೊಸೆಸಿಂಗ್ ಶುಲ್ಕ (ಶೇ. ಅರ್ಧ ಅಂದರೂ 15,000, ಅದಕ್ಕೆ ಜಿಎಸ್‌ಟಿ 2,700), ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಅಡಮಾನ ಪತ್ರದ ಮುದ್ರಾಂಕ. ಈ ಕೊರತೆ ತುಂಬಲು ಕೊನೇ ಗಳಿಗೆಯಲ್ಲಿ ಜನ ಪರ್ಸನಲ್ ಲೋನ್ ಎತ್ತುತ್ತಾರೆ. ಅಲ್ಲಿ "ಫ್ಲಾಟ್ ಶೇ. 10" ಎಂದರೆ, ಅಂದರೆ ಅಸಲು ಇಳಿದರೂ ಮೊದಲಿನ ಪೂರ್ತಿ ಮೊತ್ತಕ್ಕೇ ಬಡ್ಡಿ ಹಾಕಿದರೆ, ಐದು ವರ್ಷದ ಸಾಲಕ್ಕೆ ನಿಜವಾದ ದರ 17ಕ್ಕೂ ಮೇಲೆ. ಹಾಗಾಗಿ ಮನೆ ವ್ಯಾಪಾರ ಮುಗಿಸುವ ಮುಂಚೆಯೇ 14 ಲಕ್ಷ ಹೊಂದಿಸಿಕೊಳ್ಳಿ, ಇಲ್ಲವೇ ಬೆಲೆ ಇಳಿಸಿ ಮಾತಾಡಿ. ಇ-ಖಾತಾ (ಆಸ್ತಿಯ ಆನ್‌ಲೈನ್ ದಾಖಲೆ) ಕೈಗೆ ಬರುವವರೆಗೆ ದೊಡ್ಡ ಮುಂಗಡ ಕೊಡಬೇಡಿ. ಅದಿಲ್ಲದೆ ನೋಂದಣಿಯೂ ಇಲ್ಲ, ಸಾಲವೂ ಇಲ್ಲ.

ಜೀವ ವಿಮೆಯ ಬಗ್ಗೆ ಎಚ್ಚರ. ಸಾಲದ ಜೊತೆ ಒಂದೇ ಕಂತಿನ ವಿಮೆ ಮಾಡಿಸಿ ಆ ಪ್ರೀಮಿಯಂ ಅನ್ನೂ ಸಾಲಕ್ಕೆ ಸೇರಿಸುತ್ತಾರೆ. 1.2 ಲಕ್ಷ ಸೇರಿಸಿದರೆ ಕಂತಿಗೆ 1,041 ಕೂಡುತ್ತದೆ, 20 ವರ್ಷಕ್ಕೆ ಅದು 2.5 ಲಕ್ಷ. ವಿಮೆ ಬೇಕು, ಖಂಡಿತ ಬೇಕು, ಮನೆಯವರ ತಲೆಯ ಮೇಲೆ ಸಾಲ ಬಿಟ್ಟು ಹೋಗಬಾರದು. ಆದರೆ ಸಾಲ ಮಂಜೂರಾಗಲು ಅದೇ ಪಾಲಿಸಿ ಕಡ್ಡಾಯ ಎನ್ನುವ ಕಾನೂನಿಲ್ಲ. ಹೊರಗೆ ವರ್ಷವರ್ಷ ಕಟ್ಟುವ ಟರ್ಮ್ ಪಾಲಿಸಿಯ ದರ ಕೇಳಿ ಹೋಲಿಸಿ.

ಸಹಿ ಹಾಕುವ ಮುಂಚೆ ಸಾಲದ ಮುಖ್ಯಾಂಶಗಳ ಪತ್ರ ಕೇಳಿ, ಬ್ಯಾಂಕಿನಲ್ಲಿ ಕೆಎಫ್‌ಎಸ್ ಎನ್ನುತ್ತಾರೆ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಅದನ್ನು ಕೊಡಲೇಬೇಕು, ಅದೂ ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿ. ಕನ್ನಡದಲ್ಲೇ ಕೊಡಿ ಎಂದು ಕೇಳುವುದು ನಿಮ್ಮ ಹಕ್ಕು. ಅದರಲ್ಲಿ ಎಪಿಆರ್ ಎಂಬ ಅಂಕಿ ಇರುತ್ತದೆ, ಬಡ್ಡಿಯ ಜೊತೆ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ. ಎರಡು ಬ್ಯಾಂಕ್ ಹೋಲಿಸುವುದಾದರೆ ಆ ಅಂಕಿಯನ್ನು ಹೋಲಿಸಿ. ಪತ್ರದಲ್ಲಿ ನಮೂದಿಸದ ಶುಲ್ಕವನ್ನು ನಿಮ್ಮ ಒಪ್ಪಿಗೆ ಇಲ್ಲದೆ ಆಮೇಲೆ ಹಾಕುವಂತಿಲ್ಲ. ಪ್ರತಿ ಕಂತಿನ ಅಸಲು-ಬಡ್ಡಿ ಪಟ್ಟಿಯೂ ಅದರ ಜೊತೆಗೇ ಬರುತ್ತದೆ.

ಸಿರುಗುಪ್ಪದಿಂದ:
ಸಿಂಧನೂರಿನವರ ಮಾತಿಗೆ ಒಂದು ತಿದ್ದುಪಡಿ. ಬಂದ ಭತ್ತದ ದುಡ್ಡನ್ನೆಲ್ಲ ಸಾಲಕ್ಕೆ ಸುರಿಯಬೇಡಿ. ಅಸಲಿಗೆ ಕಟ್ಟಿದ್ದು ವಾಪಸ್ ಬರುವುದಿಲ್ಲ. 2024ರ ಆಗಸ್ಟ್‌ನಲ್ಲಿ ತುಂಗಭದ್ರಾ ಅಣೆಕಟ್ಟಿನ 19ನೇ ಗೇಟು ಕೊಚ್ಚಿಹೋದದ್ದು ನೆನಪಿದೆಯಲ್ಲ, ಕಾಲುವೆ ನೀರನ್ನು ನಂಬಿದ ಆದಾಯ ಅಷ್ಟು ಸೂಕ್ಷ್ಮ. ಆರು ಕಂತಿನಷ್ಟು, ಅಂದರೆ 1.56 ಲಕ್ಷ, ಬೇರೆ ಖಾತೆಯಲ್ಲಿ ಇಟ್ಟ ಮೇಲೆ ಮಾತ್ರ ಅಸಲಿಗೆ ಕಟ್ಟಿ. ಶೇ. 12ರ ಬೇರೆ ಸಾಲವೋ ಕೈಗಡವೋ ಇದ್ದರೆ ಅದು ಮೊದಲು ತೀರಲಿ, 8.5ರದ್ದು ಕಾಯಬಲ್ಲದು.

ಸುಗ್ಗಿಯ ದುಡ್ಡಿನವರಿಗೆ ಓವರ್‌ಡ್ರಾಫ್ಟ್ ಮಾದರಿಯ ಮನೆ ಸಾಲವೂ ಇದೆ. ಹಣ ಖಾತೆಯಲ್ಲಿ ಇದ್ದಷ್ಟು ದಿನ ಆ ಮೊತ್ತಕ್ಕೆ ಬಡ್ಡಿ ಬೀಳುವುದಿಲ್ಲ, ಗೊಬ್ಬರಕ್ಕೋ ಆಳಿಗೋ ಬೇಕಾದಾಗ ತೆಗೆಯಬಹುದು. ದರ ಸ್ವಲ್ಪ ಹೆಚ್ಚಿರುತ್ತದೆ. ವರ್ಷದಲ್ಲಿ ನಾಲ್ಕೈದು ತಿಂಗಳಾದರೂ ದೊಡ್ಡ ಮೊತ್ತ ನಿಲ್ಲುವುದಾದರೆ ಮಾತ್ರ ಲಾಭ.

ಬಡ್ಡಿಗೆ ತೆರಿಗೆ ವಿನಾಯಿತಿ ಸಿಗುತ್ತದೆ, ಮುಂಚೆ ತೀರಿಸಬೇಡ ಎಂದು ಹೇಳುವವರೂ ಇದ್ದಾರೆ. ಸ್ವಂತ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದವರೆಗಿನ ಆ ವಿನಾಯಿತಿ ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿರುವವರು ಅದನ್ನು ಲೆಕ್ಕಕ್ಕೆ ಹಿಡಿಯಬೇಡಿ.

ಕೇಳಿದವರು, ಗಂಗಾವತಿ:
ಎಲ್ಲರಿಗೂ ತುಂಬಾ ಥ್ಯಾಂಕ್ಸ್. 20 ವರ್ಷಕ್ಕೇ ತಗೊಳ್ಳುತ್ತೇವೆ. ಐದು ವರ್ಷ ಬಿಟ್ಟು ಇನ್ನೊಂದು ಬ್ಯಾಂಕು ಶೇ. 8 ಅಂದರೆ ಅಲ್ಲಿಗೆ ಹೋಗಬಹುದಾ?

ರಾಯಚೂರಿನಿಂದ:
ಹೋಗಬಹುದು, ಉಳಿದ 15 ವರ್ಷಕ್ಕೇ ಬರೆಸಿಕೊಂಡರೆ. ಆಗ 26.44 ಲಕ್ಷಕ್ಕೆ ಕಂತು 25,266, ಒಟ್ಟು 1.38 ಲಕ್ಷ ಉಳಿತಾಯ. ಅದರಲ್ಲಿ ಹೊಸ ಬ್ಯಾಂಕಿನ ಪ್ರೊಸೆಸಿಂಗ್, ವಕೀಲರು, ಅಡಮಾನ ಪತ್ರದ ಖರ್ಚು ಕಳೆಯಿರಿ. ಆದರೆ ಅವರು ಮತ್ತೆ 20 ವರ್ಷ ಹಾಕಿ ಕಂತು 22,114 ಎಂದು ತೋರಿಸುತ್ತಾರೆ. ತಿಂಗಳಿಗೆ 3,900 ಇಳಿದಂತೆ ಕಾಣುತ್ತದೆ, ಕಟ್ಟುವುದು ಒಟ್ಟಾರೆ 6.2 ಲಕ್ಷ ಹೆಚ್ಚು. ಹೊಸ ಬ್ಯಾಂಕಿನ ಆಫರ್ ಪತ್ರ ಹಿಡಿದು ಮೊದಲು ಹಳೆಯ ಬ್ಯಾಂಕಿಗೇ ಹೋಗಿ ಕೇಳಿ. ಎಷ್ಟೋ ಸಲ ಅಲ್ಲೇ ಇಳಿಸುತ್ತಾರೆ.

ಬಳ್ಳಾರಿಯಿಂದ:
ಸಾಲ ತೀರಿದ ಮೇಲಿನ ಕೆಲಸವನ್ನೂ ಬರೆದಿಟ್ಟುಕೊಳ್ಳಿ. ಮೂಲ ಪತ್ರಗಳನ್ನು 30 ದಿನದೊಳಗೆ ವಾಪಸ್ ಕೊಡಬೇಕು. ಅವರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ನಿಮಗೆ ಬರಬೇಕು, 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಪತ್ರ ಕೊಟ್ಟ ದಿನ ಬ್ಯಾಂಕಿನಿಂದ ಪಡೆದ ಪತ್ರಗಳ ಪಟ್ಟಿಯನ್ನು ಈಗಿನಿಂದಲೇ ಜೋಪಾನ ಮಾಡಿ, ಆಗ ಒಂದೊಂದೇ ಹಾಳೆ ಅದರ ಜೊತೆ ತಾಳೆ ನೋಡಲು ಬೇಕಾಗುತ್ತದೆ. ಬಾಕಿ ಇಲ್ಲ ಎಂಬ ಪತ್ರ ತಗೊಂಡು ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನ ತೆಗೆಸಿ, ಹೊಸ ಇಸಿ (ಋಣಭಾರ ಪ್ರಮಾಣಪತ್ರ) ಪಡೆದು ಬ್ಯಾಂಕಿನ ಬೋಜಾ, ಅಂದರೆ ಸಾಲದ ನಮೂದು, ಹೋಗಿದೆಯೇ ನೋಡಿ.