ಅಪ್‌ಡೇಟ್: ಕಾರ್ಬಿಕ್ಯುಲಾ ಅಂದ್ರೆ ಚೀಲ ಅಲ್ಲ, ಬುಟ್ಟಿ

ಜೇನುನೊಣದ ಕಾಲಲ್ಲಿ ಪರಾಗ ಹೊರೋಕೆ ಇರೋ ಜಾಗ, ಅಂದ್ರೆ ಕಾರ್ಬಿಕ್ಯುಲಾನ 'ಪರಾಗ ಚೀಲ' ಅಂತ ಮಕ್ಕಳ ಚಾರ್ಟಲ್ಲಿ ಬರೀಬಹುದಾ ಅಂತ ಹೋದ ವಾರ ಕೇಳಿದ್ದೆ, ಉತ್ತರ ಕೊಟ್ಟ ಎಲ್ರಿಗೂ ತುಂಬಾ ಥ್ಯಾಂಕ್ಸ್. ನಿನ್ನೆ ನಮ್ಮ ಜೇನು ಪೆಟ್ಟಿಗೆ ಹತ್ರ ಸತ್ತು ಬಿದ್ದಿದ್ದ ತುಡುವೆ (ಪೆಟ್ಟಿಗೆಲಿ ಸಾಕೋ ಜೇನು) ಕೆಲಸಗಾರ ನೊಣ ಒಂದನ್ನ ಲೆನ್ಸ್ ಹಿಡಿದು ನೋಡ್ದೆ, ಚೀಲ ಅನ್ನೋ ಥರ ಏನೂ ಇಲ್ಲ ಅಲ್ಲಿ, ಹಿಂಗಾಲಿನ ಟಿಬಿಯಾ (ಮೊಣಕಾಲಿನ ಕೆಳಗಿನ ಭಾಗದ ಹಾಗಿರೋದು) ಹೊರಮೈ ನುಣ್ಣಗೆ, ಸ್ವಲ್ಪ ತಗ್ಗಾಗಿದೆ, ಅಂಚಲ್ಲಿ ಬೇಲಿ ಕಟ್ಟಿದ ಹಾಗೆ ಉದ್ದುದ್ದ ಬಾಗಿದ ಕೂದ್ಲು, ಮಕರಂದದಲ್ಲಿ ಒದ್ದೆ ಮಾಡಿದ ಪರಾಗ ಆ ಕೂದ್ಲ ನಡುವೆ ಉಂಡೆಯಾಗಿ ಒತ್ತಿ ಕೂರುತ್ತೆ. ಲ್ಯಾಟಿನ್‌ನಲ್ಲೂ ಆ ಪದಕ್ಕೆ ಪುಟ್ಟ ಬುಟ್ಟಿ ಅಂತಲೇ ಅರ್ಥ, ಸೋ 'ಪರಾಗ ಬುಟ್ಟಿ'ನೇ ಸರಿ.

ನಾನು ಮಾಡಿದ ದೊಡ್ಡ ತಪ್ಪು ಅಂದ್ರೆ ಎಲೆ ಕತ್ತರಿಸೋ ಜೇನಿನ ಚಿತ್ರಕ್ಕೂ ಇದೇ ಹೆಸ್ರು ಹಾಕಿದ್ದು. ಅದು ಪರಾಗ ಹೊರೋದು ಹೊಟ್ಟೆ ಅಡಿಯ ದಟ್ಟ ಕೂದ್ಲಲ್ಲಿ, ಅದಕ್ಕೆ ಸ್ಕೋಪಾ ಅಂತಾರೆ. ಹೆಜ್ಜೇನು, ಕೋಲುಜೇನು, ಮಿಸರಿ (ಚುಚ್ಚದ ಪುಟ್ಟ ಜೇನು) ಇವುಗಳ ಚಿತ್ರಕ್ಕೆಲ್ಲ ಕಾರ್ಬಿಕ್ಯುಲಾ ಅಂತ ಹಾಕಬಹುದು, ಆದ್ರೆ ಕೆಲಸಗಾರ ನೊಣಕ್ಕೆ ಮಾತ್ರ, ತುಡುವೆ ರಾಣಿಗೂ ಗಂಡಿಗೂ ಬುಟ್ಟಿ ಇರಲ್ಲ. ಚಾರ್ಟಲ್ಲಿ ರಾಣಿ ಕಾಲಿಗೆ ಬಳಿದಿದ್ದ ಹಳದಿ ಉಂಡೆ ಇವತ್ತು ಬೆಳಿಗ್ಗೆನೇ ಅಳಿಸ್ದೆ.